ಸದ್ದು ಹೋಯಿತೆಲ್ಲಿ? ‘ಎದುರುಮಿಡಿತ’ ಬೆಳೆದುಬಂದ ಬಗೆ

ವಿಜಯಪುರದ ನಾವು ಮೂವರು ಗೆಳೆಯರು ಕೆಲವು ವರ್ಷಗಳಿಂದ ಕಟ್ಟುತ್ತ ಬಂದಿರುವ ‘ಮಾರ್ದನಿನಾಡು’ ಎಂಬ ಕಲ್ಪನಾಲೋಕದಲ್ಲಿ ಮಂತ್ರವಿಲ್ಲ, ಮಾಟವಿಲ್ಲ. ಇರುವುದು ಒಂದೇ ನಿಯಮ. ಯಾವ ಮಿಡಿತವೂ, ಅಂದರೆ ಕಂಪನವೂ, ಒಂಟಿಯಾಗಿ ಹುಟ್ಟುವುದಿಲ್ಲ, ಅದರ ಜೊತೆಯಲ್ಲಿಯೇ ಅದಕ್ಕೆ ತದ್ವಿರುದ್ಧವಾದ ಎದುರುಮಿಡಿತವೂ ಹುಟ್ಟುತ್ತದೆ ಎಂಬುದು ಆ ನಿಯಮ. ಕಥೆಯನ್ನು ಹೊಸದಾಗಿ ಓದಲು ಹಿಡಿದವರು ಎದುರುಮಿಡಿತವೆಂದರೆ ದುಷ್ಟಶಕ್ತಿಯೇ ಎಂದು ಇಂದಿಗೂ ಕೇಳುತ್ತಾರೆ. ಆದ್ದರಿಂದ ಈ ಸಿದ್ಧಾಂತ ಎಲ್ಲಿಂದ ಹೊರಟು ಎಲ್ಲಿಗೆ ಬಂದಿತೆಂಬುದನ್ನು ಇಲ್ಲಿ ಬರೆದಿಡುತ್ತಿದ್ದೇನೆ.

ಹಾಗೆ ಕೇಳುವವರದು ತಪ್ಪಲ್ಲ, ಏಕೆಂದರೆ ಮೊದಲ ಬರಹದಲ್ಲಿ ಅದು ದುಷ್ಟಶಕ್ತಿಯೇ ಆಗಿತ್ತು. ಮಾರ್ದನಿನಾಡಿನ ಎರಕದವರು ಪ್ರತಿಯೊಂದು ಗುಡಿಗಂಟೆಗೂ ಒಂದು ಜೋಡಿಗಂಟೆಯನ್ನು ಹೊಯ್ದು, ಒಂದನ್ನು ಗುಡಿಯಲ್ಲಿ ತೂಗುಹಾಕಿ, ಇನ್ನೊಂದನ್ನು ಯಾರೂ ಮುಟ್ಟದಂತೆ ನೆಲದಲ್ಲಿ ಹೂಳುತ್ತಿದ್ದರು. ಎರಡನ್ನೂ ಒಟ್ಟಿಗೆ ಬಾರಿಸಿದ ದಿನ ರಾಜಧಾನಿಯ ಸದ್ದೆಲ್ಲ ಅಳಿದುಹೋಗಿ, ತಾಯಿ ಕರೆದದ್ದು ಪಕ್ಕದಲ್ಲಿದ್ದ ಮಗುವಿಗೂ ಕೇಳಿಸದಾಯಿತು. ಬರೆದಾಗ ನಮಗೆ ಬಹಳ ಹಿಡಿಸಿದ ಈ ದೃಶ್ಯ, ಈಗ ಓದಿದರೆ ಒಳ್ಳೆಯದು ಕೆಟ್ಟದ್ದರ ಹಳೆಯ ಜಗಳಕ್ಕೆ ಗಂಟೆಯ ವೇಷ ತೊಡಿಸಿದಂತಿದೆ.

ಆ ಸದ್ದು ಹೋಯಿತೆಲ್ಲಿ ಎಂಬ ಪ್ರಶ್ನೆ ಎದ್ದದ್ದು ಗೋಳಗುಮ್ಮಟದ ಮೇಲೆ. 1627ರಿಂದ 1656ರವರೆಗೆ ಆಳಿದ ಮೊಹಮ್ಮದ್ ಆದಿಲ್ ಶಾಹನ ಈ ಸಮಾಧಿಯ ಗುಮ್ಮಟಕ್ಕೆ ಒಳಗಿನಿಂದ ಸುಮಾರು 38 ಮೀಟರ್ ವ್ಯಾಸವಿದ್ದು, ಅದರ ಬುಡದಲ್ಲಿ ಪಿಸುಮಾತಿನ ಗ್ಯಾಲರಿ ಸುತ್ತುವರಿದಿದೆ. ಶಾಲಾ ಪ್ರವಾಸದ ಬಸ್ಸುಗಳು ಬಂದ ಮೇಲೆ ಅಲ್ಲಿ ಕೇಳುವುದು ಕೂಗಾಟವೊಂದೇ ಆದ್ದರಿಂದ, ನಾವು ಬೆಳಗಿನ ಹೊತ್ತಿನಲ್ಲಿ ಹತ್ತಿ, ಒಬ್ಬರು ಗೋಡೆಗೆ ಬಾಯಿಟ್ಟು ಪಿಸುಗುಟ್ಟಿದರೆ ಎದುರು ತುದಿಯಲ್ಲಿದ್ದವರು ಗೋಡೆಗೆ ಕಿವಿಗೊಟ್ಟು ಕೇಳುತ್ತಿದ್ದೆವು. ಪಿಸುಮಾತು ಗೋಡೆಯನ್ನು ಹಿಡಿದು ಎಡದಿಂದಲೂ ಬಲದಿಂದಲೂ ಎರಡು ದಾರಿಗಳಲ್ಲಿ ಸಾಗುತ್ತದೆ. ಅರ್ಧ ಸುತ್ತು ಸುಮಾರು 60 ಮೀಟರ್ ಆಗುವುದರಿಂದ, ಸೆಕೆಂಡಿಗೆ 343 ಮೀಟರ್ ವೇಗದಲ್ಲಿ ಹೊರಟ ಎರಡೂ ಅಲೆಗಳು 0.17 ಸೆಕೆಂಡಿನಲ್ಲಿ ಸರಿಯಾಗಿ ಎದುರು ಬಿಂದುವಿನಲ್ಲಿ ಕೂಡಿ ಒಂದನ್ನೊಂದು ಬಲಪಡಿಸುತ್ತವೆ. ಕೇಳುವವರು ಅಲ್ಲಿಂದ ಪಕ್ಕಕ್ಕೆ ಸರಿದರೆ ಒಂದು ದಾರಿ ಚಿಕ್ಕದಾಗಿ ಇನ್ನೊಂದು ದೊಡ್ಡದಾಗುತ್ತದೆ. 1000 ಹರ್ಟ್ಸ್‌ನ, ಅಂದರೆ ಸೆಕೆಂಡಿಗೆ 1000 ಸಲ ಕಂಪಿಸುವ, ಒಂದೇ ಸ್ವರವನ್ನು ನುಡಿಸಿದರೆ, ಲೆಕ್ಕದ ಪ್ರಕಾರ ಒಂಬತ್ತು ಸೆಂಟಿಮೀಟರಿಗಿಂತ ತುಸು ಕಡಿಮೆ ಸರಿದಾಗ ಒಂದರ ಉಬ್ಬಿಗೆ ಇನ್ನೊಂದರ ತಗ್ಗು ಬಂದು ಕೂಡಿ ಸದ್ದು ಅಡಗಬೇಕು. ಇನ್ನಷ್ಟೇ ಸರಿದರೆ ಮತ್ತೆ ಏರಬೇಕು. ಪಿಸುಮಾತಿನಲ್ಲಿ ಬೇರೆ ಬೇರೆ ವೇಗದಲ್ಲಿ ಕಂಪಿಸುವ ಹಲವು ಸದ್ದುಗಳು ಬೆರೆತಿರುವುದರಿಂದ ಅದು ಎಲ್ಲಿಯೂ ಪೂರ್ತಿ ಅಡಗುವುದಿಲ್ಲ.

ನಾವು ಹೊಸದಾಗಿ ಕಂಡುಕೊಂಡದ್ದು ಇಲ್ಲಿ ಏನೂ ಇಲ್ಲ. ಎರಡು ಅಲೆಗಳು ಕೂಡಿದಾಗ ಬಲಗೊಳ್ಳುವ, ಅಡಗುವ ಈ ವ್ಯತಿಕರಣವನ್ನು ಇಂಗ್ಲಿಷ್ ವಿಜ್ಞಾನಿ ಥಾಮಸ್ ಯಂಗ್ 1801ರಲ್ಲಿ ಲಂಡನ್ನಿನ ರಾಯಲ್ ಸೊಸೈಟಿಯ ಮುಂದಿಟ್ಟು ಬೆಳಕಿಗೂ ಅನ್ವಯಿಸಿದ್ದ. ಪಿಸುಮಾತು ಗೋಡೆಯನ್ನು ಬಿಡದೆ ಸಾಗುವುದಕ್ಕೆ ಇಂಗ್ಲಿಷ್ ಭೌತವಿಜ್ಞಾನಿ ಲಾರ್ಡ್ ರೇಲೀ ಗಣಿತದ ವಿವರಣೆ ಕೊಟ್ಟ. ಸಿ. ವಿ. ರಾಮನ್ ಅವರು 1921ರಲ್ಲಿ ಲಂಡನ್ನಿನ ಸೇಂಟ್ ಪಾಲ್ಸ್ ಕೆಥೆಡ್ರಲ್‌ನಲ್ಲಿ ಪ್ರಯೋಗ ನಡೆಸಿ, ಗೋಡೆಯಿಂದ ಒಳಕ್ಕೆ ಸರಿದಂತೆ ಸದ್ದು ಏರಿಳಿಯುವುದನ್ನು ಗುರುತಿಸಿದರು. ಮರುವರ್ಷ ಪ್ರಕಟಿಸಿದ ಬರಹದಲ್ಲಿ ನಮ್ಮ ಗೋಳಗುಮ್ಮಟವೂ ಸೇರಿದಂತೆ ಭಾರತದ ಇಂತಹ ಗ್ಯಾಲರಿಗಳನ್ನು ಪರಿಶೀಲಿಸಿದರು. ಕೊಳವೆಯಲ್ಲಿ ಬರುವ ಗದ್ದಲವನ್ನು ಅದರ ತಿರುಗುಮುರುಗು ಅಲೆಯಿಂದಲೇ ಅಡಗಿಸುವ ಉಪಾಯಕ್ಕೆ ಜರ್ಮನಿಯ ಪಾಲ್ ಲ್ಯೂಗ್ 1936ರಲ್ಲಿ ಅಮೆರಿಕದ ಪೇಟೆಂಟ್ ಪಡೆದ. ಇಂದಿನ ಹೆಡ್‌ಫೋನುಗಳು ಹೊರಗಿನ ಗದ್ದಲವನ್ನು ತಗ್ಗಿಸುವುದೂ ಇದೇ ತತ್ವದ ಮೇಲೆ.

ಇದನ್ನೆಲ್ಲ ಓದಿದ ಮೇಲೆ ಮೊದಲ ಬರಹವನ್ನು ಉಳಿಸಿಕೊಳ್ಳಲು ಆಗಲಿಲ್ಲ. ಅಲೆಗಳು ಒಂದು ಕಡೆ ಅಡಗಿದರೆ ಅವುಗಳ ಶಕ್ತಿ ನಾಶವಾಗುವುದಿಲ್ಲ. ಅದು ಅವು ಬಲಗೊಂಡ ಇನ್ನೊಂದು ಕಡೆ ಲೆಕ್ಕಕ್ಕೆ ಸಿಗುತ್ತದೆ. ಎರಡನೆಯ ಬರಹದಲ್ಲಿ ತಂಬೂರಿಯ ಶ್ರುತಿ ಕೂಡಿಸುವ ಹೆಂಗಸೊಬ್ಬಳು ಅರಸನ ರಾಜಧಾನಿಯಲ್ಲಿ ಅಳಿದ ಸದ್ದನ್ನು ಹುಡುಕುತ್ತ ಊರೂರು ತಿರುಗಿ, ಗುಡ್ಡದಾಚೆಯ ಹಳ್ಳಿಗಳಲ್ಲಿ ಮಣ್ಣಿನ ಗೋಡೆಗಳು ಸೀಳಿರುವುದನ್ನೂ ಎಮ್ಮೆಗಳು ಹಾಲು ಕೊಡದೆ ಬೆದರಿರುವುದನ್ನೂ ಕಾಣುತ್ತಾಳೆ. ರಾಜಧಾನಿಯಲ್ಲಿ ಅಡಗಿದ ಸದ್ದೆಲ್ಲ ಅಲ್ಲಿ ಬಿದ್ದಿತ್ತು. ಮಾರ್ದನಿನಾಡಿಗೆ ರಾಜಕಾರಣ ಬಂದದ್ದು ಹೀಗೆ. ನನ್ನನ್ನು ಕೇಳಿದರೆ ಕಥೆಗೆ ಜೀವ ಬಂದದ್ದೂ ಆಗಲೇ.

ಮೂರನೆಯ ತಿದ್ದುಪಡಿಗೆ ಕಾರಣವಾದದ್ದು ನಮ್ಮಲ್ಲಿ ಮಾಸ್ತರಾಗಿರುವ ಗೆಳೆಯ ತಂದ ಒಂದು ಶ್ರುತಿಕವೆ (ಟ್ಯೂನಿಂಗ್ ಫೋರ್ಕ್). 1711ರಲ್ಲಿ ಜಾನ್ ಶೋರ್ ಎಂಬ ಇಂಗ್ಲಿಷ್ ವಾದಕ ರೂಪಿಸಿದ ಈ ಉಪಕರಣಕ್ಕಿಂತ ಒಳ್ಳೆಯ ಜೋಡಿಮಿಡಿತವನ್ನು ನಾವು ಕಲ್ಪಿಸಲಾರೆವು. ಅದರ ಎರಡು ತೋಳುಗಳು ಸದಾ ಒಂದಕ್ಕೊಂದು ಎದುರಾಗಿ ಚಲಿಸುತ್ತವೆ, ಒಟ್ಟಿಗೆ ಹೊರಚಾಚಿ ಒಟ್ಟಿಗೆ ಒಳಸರಿಯುತ್ತವೆ. ಹಿಡಿಕೆಗೆ ಅಲುಗಾಟ ಅಷ್ಟಾಗಿ ತಲುಪದಿರುವುದು, ಗಾಳಿಗೆ ಸದ್ದು ಹೆಚ್ಚು ಸೋರದಿರುವುದು ಮತ್ತು ಮಿಡಿತ ಬಹಳ ಹೊತ್ತು ಉಳಿಯುವುದು, ಈ ಮೂರೂ ಆ ವಿರೋಧದ ಫಲ. ಒಂದು ತೋಳನ್ನು ಬೆರಳಿನಿಂದ ಮುಟ್ಟಿದರೆ ಸಾಕು, ಎರಡೂ ಸುಮ್ಮನಾಗುತ್ತವೆ. ಅಂದರೆ ಎದುರುಮಿಡಿತ ತನ್ನ ಜೋಡಿಯನ್ನು ಕೊಲ್ಲುವುದಿಲ್ಲ, ಕಾಯುತ್ತದೆ.

ಮಾಸ್ತರು ಕವೆಯನ್ನು ಬಾರಿಸಿ, ಕಿವಿಯ ಬಳಿ ಹಿಡಿದು, ಹಿಡಿಕೆಯನ್ನು ಬೆರಳುಗಳ ನಡುವೆ ನಿಧಾನವಾಗಿ ತಿರುಗಿಸಿದರು. ಒಂದು ಸುತ್ತಿನಲ್ಲಿ ನಾಲ್ಕು ಸಲ ಸದ್ದು ಅಡಗಿತು. ಹಾಗೆ ಅಡಗಿದ ಕೋನದಲ್ಲಿಯೇ ಕವೆಯನ್ನು ನಿಲ್ಲಿಸಿ, ಪೋಸ್ಟ್‌ಕಾರ್ಡನ್ನು ಕೊಳವೆಯಂತೆ ಸುತ್ತಿ ಒಂದು ತೋಳಿಗೆ ತಾಗದಂತೆ ಮುಚ್ಚಿದಾಗ, ಒಂದು ತೋಳು ಮರೆಯಾಗಿದ್ದರೂ ಸದ್ದು ಮೊದಲಿಗಿಂತ ಹೆಚ್ಚಾಗಿ ಕೇಳಿಸಿತು. ಅಡಗಿಸುತ್ತಿದ್ದ ಜೋಡಿಯನ್ನು ಮರೆಮಾಡಿದ್ದೇ ಇದಕ್ಕೆ ಕಾರಣ. ಎರಕದವರು ನೆಲದಲ್ಲಿ ಹೂತಿದ್ದ ಗಂಟೆಗಳನ್ನು ತಂಬೂರಿಯ ಹೆಂಗಸು ಅಗೆದು ತೆಗೆಸುವ ಅಧ್ಯಾಯ ಈಗ ಬರವಣಿಗೆಯಲ್ಲಿದ್ದು, ಗುಡಿಯ ಗಂಟೆ ಅಷ್ಟು ದಿನ ಅಷ್ಟು ಗಟ್ಟಿಯಾಗಿ ಮೊಳಗುತ್ತಿದ್ದುದೇಕೆ ಎಂಬುದು ಅಲ್ಲಿ ಅವಳಿಗೆ ತಿಳಿಯಲಿದೆ.