ಕರುವಿನ ಕೊರಳಿಗೆ ಬಿದ್ದ ಹಗ್ಗ: ರೋಡಿಯೋ ವಿರೋಧ ಬೆಳೆದು ಬಂದ ಬಗೆ

ಗೇಟು ತೆರೆದ ಕ್ಷಣವೇ ಕರು ಓಟ ಕೀಳುತ್ತದೆ. ಅದರ ತೂಕ ಸುಮಾರು 100ರಿಂದ 125 ಕಿಲೋ, ವಯಸ್ಸು ಕೆಲವೇ ತಿಂಗಳು. ಬೆನ್ನಿಗೇ ಕುದುರೆ ಸವಾರ ನುಗ್ಗುತ್ತಾನೆ. ಹಲ್ಲಿನ ನಡುವೆ ಒಂದು ಮೋಟು ಹಗ್ಗ, ಕೈಯಲ್ಲಿ ಬೀಸುತ್ತಿರುವ ಉರುಳು. ಉರುಳು ಕೊರಳಿಗೆ ಬಿದ್ದ ಕೂಡಲೇ ಪಳಗಿದ ಕುದುರೆ ಗಕ್ಕನೆ ನಿಲ್ಲುತ್ತದೆ. ಹಗ್ಗದ ಇನ್ನೊಂದು ತುದಿಯನ್ನು ಜೀನಿಗೆ ಬಿಗಿದಿರುವುದರಿಂದ ಜೀವ ಬಿಟ್ಟು ಓಡುತ್ತಿದ್ದ ಕರು ಜಗ್ಗಿಸಿಕೊಂಡು ಹಿಂದಕ್ಕೆ ತಿರುಗುತ್ತದೆ. ಕೆಲವೊಮ್ಮೆ ಎಗರಿ ಬೆನ್ನಡಿಯಾಗಿ ಬೀಳುತ್ತದೆ. ಸವಾರ ಧುಮುಕಿ ಓಡಿ ಬಂದು, ಅದನ್ನು ಎತ್ತಿ ಕೆಡವಿ, ಬಾಯಲ್ಲಿದ್ದ ಹಗ್ಗದಿಂದ ಮೂರು ಕಾಲು ಸೇರಿಸಿ ಬಿಗಿದು, ಎರಡೂ ಕೈ ಮೇಲೆತ್ತುತ್ತಾನೆ. ನುರಿತವರಿಗೆ ಇಷ್ಟಕ್ಕೆ 10 ಸೆಕೆಂಡು ಬೇಡ. ಆಮೇಲೆ ಅವನು ಮತ್ತೆ ಕುದುರೆ ಏರಿ ಹಗ್ಗ ಸಡಿಲಿಸಬೇಕು. ಮುಂದಿನ 6 ಸೆಕೆಂಡಿನಲ್ಲಿ ಕರು ಒದ್ದಾಡಿ ಕಟ್ಟು ಬಿಡಿಸಿಕೊಂಡರೆ ಅವನ ಆಟ ಲೆಕ್ಕಕ್ಕಿಲ್ಲ.

ಅಮೆರಿಕದ ರೋಡಿಯೋಗಳಲ್ಲಿ, ಅಂದರೆ ಕೌಬಾಯ್‌ಗಳು ದನ, ಕುದುರೆಗಳ ಮೇಲೆ ಕೈಚಳಕ ತೋರುವ ಪಂದ್ಯಗಳಲ್ಲಿ, ಇದಕ್ಕೆ ಮೊದಲು ಕಾಫ್ ರೋಪಿಂಗ್ ಎನ್ನುತ್ತಿದ್ದರು, ಈಗ ಟೈ-ಡೌನ್ ರೋಪಿಂಗ್ ಎನ್ನುತ್ತಾರೆ. ರೋಡಿಯೋ ಬೇಡ ಎನ್ನುವವರ ಸಿಟ್ಟು ಅತಿ ಹೆಚ್ಚು ಹರಿದಿರುವುದು ಈ ಆಟದ ಮೇಲೆಯೇ. ದನ ಸಾಕುವ ಸೀಮೆಯಲ್ಲಿ ‘ಆ್ಯಂಟಿ-ರೋಡಿಯೋ’ ಎಂದರೆ ಹಳ್ಳಿಯ ಬದುಕು ಗೊತ್ತಿಲ್ಲದ ಪೇಟೆ ಜನ, ಎಲ್ಲವನ್ನೂ ಮುಚ್ಚಿಸಲು ಹೊರಟವರು ಎಂಬ ಬೈಗುಳದ ಧಾಟಿ ಇದೆ. ಚರಿತ್ರೆ ಈ ಮಾತನ್ನು ಒಪ್ಪುವುದಿಲ್ಲ. ಮೊದಲ ತಕರಾರುಗಳು ದನದ ಸೀಮೆಯಲ್ಲೇ ಹುಟ್ಟಿದವು. ವಿರೋಧ ಫಲ ಕೊಟ್ಟ ಜಾಗಗಳನ್ನು ನೋಡಿದರೂ, ಯಾವ ಹಗ್ಗ, ಯಾವ ಪಟ್ಟಿ, ಯಾವ ಆಟ ಎಂದು ಬೆರಳಿಟ್ಟು ತೋರಿಸಿದ ಕಡೆಯೇ ಕಾನೂನು ಹೆಚ್ಚಾಗಿ ಅಲುಗಾಡಿದೆ.

ರೋಡಿಯೋದ ಬೇರು ಮೆಕ್ಸಿಕೋದಲ್ಲಿದೆ. ಬಯಲಲ್ಲಿ ಚದುರಿ ಮೇಯುತ್ತಿದ್ದ ದನಗಳನ್ನು ಸುತ್ತುವರಿದು ಒಂದೆಡೆ ಕೂಡಿಹಾಕುವ ಕೆಲಸಕ್ಕೆ ಸ್ಪ್ಯಾನಿಷಿನಲ್ಲಿ ಆ ಹೆಸರಿತ್ತು. ಕಾಯಿಲೆ ಬಿದ್ದ ಕರುವನ್ನು ಹಿಡಿಯಲು, ಮುದ್ರೆ ಒತ್ತಲು ಉರುಳು ಹಾಕಲೇಬೇಕಿತ್ತು. 1880ರ ದಶಕದಲ್ಲಿ ಮುಳ್ಳುತಂತಿ ಬೇಲಿಯೂ ರೈಲೂ ಬಂದು ಅಮೆರಿಕದ ಪಶ್ಚಿಮದ ತೆರೆದ ಹುಲ್ಲುಗಾವಲು ಮುಚ್ಚಿಕೊಂಡಿತು. ಕೌಬಾಯ್‌ಗಳ ಕೈಗೆ ಕೆಲಸ ಕಡಿಮೆಯಾಗಿ, ಕೈಚಳಕ ಮಾತ್ರ ಉಳಿಯಿತು. ಅದು ಟಿಕೆಟ್ಟಿನ ಆಟವಾಯಿತು: 1888ರಲ್ಲಿ ಅರಿಜೋನಾದ ಪ್ರೆಸ್ಕಾಟ್, 1897ರಲ್ಲಿ ವಯೋಮಿಂಗ್‌ನ ಶಾಯೆನ್, 1912ರಲ್ಲಿ ಕೆನಡಾದ ಕ್ಯಾಲ್ಗರಿ. ಕೊಟ್ಟಿಗೆಯಲ್ಲಿ ಕರು ಹಿಡಿಯುವವನಿಗೆ ಆತುರವಿಲ್ಲ, ದನ ಅವನದೇ ಆಸ್ತಿ. ಅಖಾಡದಲ್ಲಿ ಗಡಿಯಾರ ನೋಡುತ್ತ ಹಿಡಿಯುತ್ತಾರೆ. ನನ್ನ ಮಟ್ಟಿಗೆ ಇಡೀ ತಕರಾರಿನ ಬುಡ ಇಲ್ಲಿದೆ.

ದನದ ಯಜಮಾನರು ಇದನ್ನು ಬಹಳ ಬೇಗ ಕಂಡುಕೊಂಡರು. ಬೆಳೆದ ಹೋರಿಯ ಕೊಂಬಿಗೆ ಉರುಳು ಹಾಕಿ, ಓಡುವ ಕುದುರೆಯಿಂದಲೇ ಎಳೆದು ಕೆಡವುವ ಸ್ಟೀರ್ ರೋಪಿಂಗಿನಲ್ಲಿ ದನಗಳ ಕಾಲು ಮುರಿಯುತ್ತಿದ್ದವು, ಕೊಂಬು ಕಿತ್ತು ಬರುತ್ತಿದ್ದವು. 20ನೇ ಶತಮಾನದ ಮೊದಲ ವರ್ಷಗಳಲ್ಲೇ ಟೆಕ್ಸಸ್ ಸೇರಿದಂತೆ ಕೆಲವು ಪಶ್ಚಿಮ ರಾಜ್ಯಗಳು ಈ ಸ್ಪರ್ಧೆಗೆ ತಡೆ ಹಾಕಿದವು. ಅದೇ ಟೆಕ್ಸಸ್ 1997ರಲ್ಲಿ ರೋಡಿಯೋವನ್ನು ರಾಜ್ಯ ಕ್ರೀಡೆಯೆಂದು ಘೋಷಿಸಿತು.

ವಿರೋಧಕ್ಕೆ ಗಟ್ಟಿ ದನಿ ಬಂದದ್ದು ಲಂಡನ್ನಿನಲ್ಲಿ. 1924ರ ಬ್ರಿಟಿಷ್ ಸಾಮ್ರಾಜ್ಯ ವಸ್ತುಪ್ರದರ್ಶನದ ಜೊತೆಗೆ ವೆಂಬ್ಲಿ ಕ್ರೀಡಾಂಗಣದಲ್ಲಿ ಟೆಕ್ಸ್ ಆಸ್ಟಿನ್ ಎಂಬ ಅಮೆರಿಕನ್ನನ ರೋಡಿಯೋ ನಡೆಯಿತು. ಸ್ಟೀರ್ ರೋಪಿಂಗ್ ವೇಳೆ ಹೋರಿಯೊಂದರ ಕಾಲು ಮುರಿದದ್ದನ್ನು ಜನ ಕಣ್ಣಾರೆ ಕಂಡರು. ಪತ್ರಿಕೆಗಳು ಕೆಂಡ ಕಾರಿದವು, ಪ್ರಾಣಿದಯಾ ಸಂಸ್ಥೆ ಆರ್‌ಎಸ್‌ಪಿಸಿಎ ಕೋರ್ಟಿಗೆ ಹೋಯಿತು. ಸಾರ್ವಜನಿಕ ಪ್ರದರ್ಶನದಿಂದ ಆ ಆಟವನ್ನು ಕೈಬಿಡಬೇಕಾಯಿತಾದರೂ ಮೊಕದ್ದಮೆ ಬಿದ್ದುಹೋಯಿತು. ಇದ್ದ ಕಾನೂನಿನಲ್ಲಿ ‘ಕ್ರೌರ್ಯ’ ಎಂಬ ಅಗಲವಾದ ಮಾತಿತ್ತೇ ಹೊರತು ಉರುಳಿನ ಬಗ್ಗೆ ಒಂದಕ್ಷರ ಇರಲಿಲ್ಲ.

ಹತ್ತು ವರ್ಷದ ಬಳಿಕ, 1934ರಲ್ಲಿ, ಆಸ್ಟಿನ್ ಮತ್ತೆ ಲಂಡನ್ನಿಗೆ ಬಂದ. ಅಷ್ಟರಲ್ಲಿ ವಿರೋಧಿಗಳು ಪಾಠ ಕಲಿತಿದ್ದರು. ಅದೇ ವರ್ಷ ಬ್ರಿಟನ್ ಸಂಸತ್ತು ಪ್ರಾಣಿಗಳ ರಕ್ಷಣಾ ಕಾಯ್ದೆಯೊಂದನ್ನು ಅಂಗೀಕರಿಸಿತು. ಪಳಗಿಸದ ಕುದುರೆ ಅಥವಾ ಹೋರಿಯನ್ನು ಹಗ್ಗ ಹಾಕಿ ಕೆಡವುವುದು, ಪಳಗಿಸದ ಹೋರಿಯೊಡನೆ ಸೆಣಸುವುದು, ಹಿಂಸೆಯ ಸಾಧನ ಬಳಸಿ ಎಗರಾಡುವಂತೆ ಕೆರಳಿಸಿದ ಪ್ರಾಣಿಯ ಮೇಲೆ ಸವಾರಿ ಮಾಡುವುದು, ಈ ಮೂರನ್ನು ಸಾರ್ವಜನಿಕವಾಗಿ ಪ್ರದರ್ಶಿಸುವಂತಿಲ್ಲ ಎಂದಿತು. ಮೂರನ್ನೂ ಕಳೆದರೆ ಅಮೆರಿಕನ್ ಮಾದರಿಯ ರೋಡಿಯೋದಲ್ಲಿ ಉಳಿಯುವುದು ಅಷ್ಟಕ್ಕಷ್ಟೇ. ಇಷ್ಟು ಕರಾರುವಾಕ್ಕಾಗಿ ಬರೆದ ಪ್ರಾಣಿ ಕಾನೂನು ಅಪರೂಪ, ಮತ್ತು ಆ ಕರಾರುವಾಕ್ಕುತನವೇ ಅದರ ಬಲ.

ಅಮೆರಿಕದಲ್ಲಿ ಹೀಗಾಗಲಿಲ್ಲ. ಅಲ್ಲಿನ ಕೇಂದ್ರ ಪ್ರಾಣಿ ಕಲ್ಯಾಣ ಕಾಯ್ದೆ ಬಂದದ್ದು 1966ರಲ್ಲಿ. 1970ರ ತಿದ್ದುಪಡಿ ಪ್ರಾಣಿ ಪ್ರದರ್ಶನಗಳನ್ನೂ ಅದರ ವ್ಯಾಪ್ತಿಗೆ ತಂದಾಗ ಜಾತ್ರೆ, ದನಗಳ ಮೇಳ, ರೋಡಿಯೋಗಳನ್ನು ಹೆಸರು ಹೇಳಿಯೇ ಹೊರಗಿಟ್ಟರು. ಹಲವು ರಾಜ್ಯಗಳ ಕ್ರೌರ್ಯ ತಡೆ ಕಾನೂನುಗಳಲ್ಲೂ ಇಂಥದೇ ವಿನಾಯಿತಿ ಇದೆ. ಹೀಗಾಗಿ ಹೋರಾಟ ನಗರಸಭೆಗಳ ಬಾಗಿಲಿಗೆ ಬಂತು. ಪಿಟ್ಸ್‌ಬರ್ಗ್ ನಗರ ವಿದ್ಯುತ್ ಚುಚ್ಚುಗೋಲು, ಚೂಪಾದ ಸ್ಪರ್ (ಸವಾರನ ಬೂಟಿನ ಹಿಮ್ಮಡಿಗೆ ಕಟ್ಟುವ ಲೋಹದ ಮುಳ್ಳು) ಮತ್ತು ಫ್ಲ್ಯಾಂಕ್ ಪಟ್ಟಿ ನಿಷೇಧಿಸಿತು. ಫ್ಲ್ಯಾಂಕ್ ಪಟ್ಟಿ ಎಂದರೆ ಕುದುರೆ ಅಥವಾ ಹೋರಿಯ ಹಿಂಗಾಲಿನ ಮುಂದೆ, ಕಿಬ್ಬೊಟ್ಟೆಗೆ ಸುತ್ತಿ ಬಿಗಿಯುವ ಪಟ್ಟಿ. ಅದನ್ನು ಕಿತ್ತೆಸೆಯಲು ಪ್ರಾಣಿ ಹಿಂಗಾಲು ಝಾಡಿಸುತ್ತದೆ. ಜನ ದುಡ್ಡು ಕೊಟ್ಟು ನೋಡುವ ಎಗರಾಟ ಅದೇ. ಪಟ್ಟಿಗೆ ಕುರಿಚರ್ಮದ ಮೆತ್ತೆ ಇದೆ, ಎಗರಾಡುವ ಗುಣ ತಳಿಯಲ್ಲೇ ಇದೆ ಎಂದು ರೋಡಿಯೋದವರು ಹೇಳುತ್ತಾರೆ. ಒಳ್ಳೆಯ ತಳಿಯ ಕುದುರೆಗಳ ವಿಷಯದಲ್ಲಿ ಈ ವಾದದಲ್ಲಿ ಹುರುಳಿದೆ. ಆದರೆ ಪಟ್ಟಿಯಿಲ್ಲದೆ ಆಟ ನಡೆಸಲು ಅವರು ಮುಂದೆ ಬರುವುದಿಲ್ಲ ಎಂಬುದನ್ನೂ ಜೊತೆಗೇ ಇಟ್ಟು ನೋಡಬೇಕು.

ವೃತ್ತಿಪರ ಕೌಬಾಯ್‌ಗಳ ಸಂಘ ಪಿಆರ್‌ಸಿಎ ಪ್ರಾಣಿಗಳ ಆರೈಕೆಗೆಂದೇ 60ಕ್ಕೂ ಹೆಚ್ಚು ನಿಯಮ ಮಾಡಿದೆ, ತನ್ನ ರೋಡಿಯೋಗಳಲ್ಲಿ ಪಶುವೈದ್ಯರು ಇರಲೇಬೇಕು ಎನ್ನುತ್ತದೆ. ಹೊರಗಿನ ಒತ್ತಡವಿಲ್ಲದೆ ಇವೆಲ್ಲ ಬರುತ್ತಿದ್ದವು ಎಂದು ನನಗನ್ನಿಸುವುದಿಲ್ಲ. ಸಂಘದ ಹಿಡಿತಕ್ಕೆ ಬಾರದ ಊರಿನ ಸಣ್ಣಪುಟ್ಟ ರೋಡಿಯೋಗಳಿಗೆ ಆ ನಿಯಮಗಳು ಅನ್ವಯಿಸುವುದೂ ಇಲ್ಲ.

ಕೆನಡಾದ ಒಂದು ಪ್ರಸಂಗ ಇನ್ನೂ ಸ್ಪಷ್ಟ. ವ್ಯಾಂಕೂವರ್ ಪಕ್ಕದ ಸರ‍್ರಿಯ ಕ್ಲೋವರ್‌ಡೇಲ್ ರೋಡಿಯೋದಲ್ಲಿ 2007ರಲ್ಲಿ ಕರುವೊಂದು ಗಾಯಗೊಂಡು, ಅದಕ್ಕೆ ದಯಾಮರಣ ಕೊಡಬೇಕಾಯಿತು. ಗದ್ದಲ ಎದ್ದ ಮೇಲೆ ಆಯೋಜಕರು ಕರುವಿಗೆ ಉರುಳು ಹಾಕುವುದೂ ಸೇರಿ ನಾಲ್ಕು ಆಟಗಳನ್ನು ಕೈಬಿಟ್ಟರು. ರೋಡಿಯೋ ಮಾತ್ರ ಮುಂದುವರಿಯಿತು. ಆ ನಾಲ್ಕು ಆಟ ಹೋದರೆ ರೋಡಿಯೋ ಸತ್ತೇಹೋಗುತ್ತದೆ ಎಂಬ ವಾದಕ್ಕೆ ಇದಕ್ಕಿಂತ ಒಳ್ಳೆಯ ಉತ್ತರ ಸಿಗಲಾರದು. ಕ್ಯಾಲ್ಗರಿಯಲ್ಲಿ ಅಷ್ಟೂ ಆಗಿಲ್ಲ. 2019ರಲ್ಲಿ ಅಲ್ಲಿನ ಬಂಡಿ ಓಟದಲ್ಲಿ ಆರು ಕುದುರೆಗಳು ಸತ್ತವು.

ದಕ್ಷಿಣ ಅಮೆರಿಕಕ್ಕೆ ಬಂದರೆ ಕಥೆ ನಮಗೆ ಪರಿಚಿತವೆನಿಸತೊಡಗುತ್ತದೆ. ಚಿಲಿಯಲ್ಲಿ ಇಬ್ಬರು ಸವಾರರು ಎಳೆ ಹೋರಿಯನ್ನು ಅಟ್ಟಿಸಿಕೊಂಡು ಹೋಗಿ ಮೆತ್ತೆ ಹಾಕಿದ ಗೋಡೆಗೆ ಕುದುರೆಯ ಎದೆಯಿಂದ ಒತ್ತುತ್ತಾರೆ. ಹೋರಿಯ ಮೈಯ ಯಾವ ಭಾಗ ಒತ್ತಿಗೆ ಸಿಕ್ಕಿತು ಎಂಬುದರ ಮೇಲೆ ಅಂಕ. 1962ರಿಂದ ಅದು ರಾಷ್ಟ್ರೀಯ ಕ್ರೀಡೆ. 2009ರ ಪ್ರಾಣಿ ರಕ್ಷಣಾ ಕಾನೂನು ಅದಕ್ಕೆ ವಿನಾಯಿತಿ ಕೊಟ್ಟಿದೆ. ಬ್ರೆಜಿಲ್‌ನಲ್ಲಿ ಬಾಲ ಹಿಡಿದೆಳೆದು ಹೋರಿ ಕೆಡವುವ ವಾಕೆಜಾಡಾ ಎಂಬ ಆಟಕ್ಕೆ ಒಪ್ಪಿಗೆ ಕೊಟ್ಟಿದ್ದ ಸಿಯಾರಾ ರಾಜ್ಯದ ಕಾನೂನನ್ನು ಸುಪ್ರೀಂ ಕೋರ್ಟ್ 2016ರ ಅಕ್ಟೋಬರಿನಲ್ಲಿ 6–5ರ ಬಹುಮತದಿಂದ ರದ್ದು ಮಾಡಿತು. ಜನ ಬೀದಿಗಿಳಿದರು. 2017ರ ಜೂನ್‌ನಲ್ಲಿ ಸಂಸತ್ತು ಸಂವಿಧಾನಕ್ಕೇ ತಿದ್ದುಪಡಿ ತಂದು, ಸಾಂಸ್ಕೃತಿಕ ಪರಂಪರೆಯೆಂದು ನೋಂದಾಯಿತವಾದ ಆಟಗಳು ಕ್ರೌರ್ಯವಲ್ಲ ಎಂದುಬಿಟ್ಟಿತು.

ಆ ಜೂನ್ ಮುಗಿದು ಜುಲೈನಲ್ಲಿ ಕರ್ನಾಟಕದಲ್ಲಿ ಕಂಬಳಕ್ಕಾಗಿ ಸುಗ್ರೀವಾಜ್ಞೆ ಬಂತು. 2014ರ ಮೇ 7ರಂದು ನಮ್ಮ ಸುಪ್ರೀಂ ಕೋರ್ಟ್ ಜಲ್ಲಿಕಟ್ಟು ಮತ್ತು ಎತ್ತಿನ ಗಾಡಿ ಓಟವನ್ನು ನಿಷೇಧಿಸಿತ್ತು. ಅದರ ಬಿಸಿ ಕಂಬಳಕ್ಕೂ ತಟ್ಟಿ, 2016ರ ನವೆಂಬರಿನಲ್ಲಿ ಹೈಕೋರ್ಟ್ ತಡೆಯಾಜ್ಞೆ ಕೊಟ್ಟಿತು. ತಮಿಳುನಾಡಿನಂತೆ ಕರ್ನಾಟಕವೂ ಕೇಂದ್ರದ ಕಾಯ್ದೆಗೆ ರಾಜ್ಯ ತಿದ್ದುಪಡಿ ತಂದಿತು. 2023ರ ಮೇ 18ರಂದು ಐವರು ನ್ಯಾಯಮೂರ್ತಿಗಳ ಪೀಠ ಅದನ್ನು ಎತ್ತಿಹಿಡಿಯಿತು. ಎರಡು ಖಂಡಗಳಲ್ಲಿ ಒಂದೇ ಕಾಲಕ್ಕೆ ಕೋರ್ಟು ಒಂದು ಹೇಳಿತು, ಸದನ ಇನ್ನೊಂದು ಹೇಳಿತು, ಪರಂಪರೆ ಎಂಬ ಮಾತು ತಕ್ಕಡಿ ತೂಗಿಸಿತು. ಹಾಗೆಂದು ಕಂಬಳವನ್ನೂ ರೋಡಿಯೋವನ್ನೂ ಒಂದೇ ಎನ್ನಲಾಗದು. ಕೋಣಗಳನ್ನು ಮನೆಯಲ್ಲಿ ವರ್ಷಗಟ್ಟಲೆ ಸಾಕಿರುತ್ತಾರೆ, ಅವುಗಳನ್ನು ಹಗ್ಗ ಹಾಕಿ ಯಾರೂ ಕೆಡವುವುದಿಲ್ಲ. ಅಲ್ಲಿನ ಪ್ರಶ್ನೆ ಬಾರುಕೋಲಿನದು, ಅದನ್ನು ಹಾಗೆಯೇ ಕೇಳಬೇಕು.

ಹ್ಯೂಸ್ಟನ್ ಸುತ್ತಮುತ್ತಲ ಕನ್ನಡಿಗರ ಮನೆಗಳಿಗೆ ಈ ಚರ್ಚೆ ಮಕ್ಕಳ ಮೂಲಕ ಬರುತ್ತದೆ. ಅಲ್ಲಿನ ದನಗಳ ಮೇಳ ಮತ್ತು ರೋಡಿಯೋ 1932ರಿಂದ ಇದೆ. ‘ಗೋ ಟೆಕ್ಸನ್’ ದಿನ ಶಾಲೆಯ ಮಕ್ಕಳು ಬೂಟು, ದೊಡ್ಡ ಟೋಪಿ ತೊಟ್ಟು ಹೋಗುತ್ತಾರೆ. ಮೇಳದ ವಿದ್ಯಾರ್ಥಿವೇತನದಿಂದ ಓದಿದವರು ಬಹಳ ಮಂದಿ. ಇಂಥ ಕಡೆ ‘ನಾನು ರೋಡಿಯೋಗೆ ವಿರೋಧಿ’ ಎಂದರೆ ಊರಿಗೇ ವಿರೋಧಿ ಎಂದಂತೆ ಕೇಳಿಸುತ್ತದೆ. ‘ಕರುವಿನ ಆಟ ಬೇಡ’ ಎಂದರೆ ಮಾತು ಮುಂದುವರಿಯುವ ಸಾಧ್ಯತೆ ಇದೆ.

ಹಾಗೆ ಹೇಳಲು ಆಧಾರವೂ ಇದೆ. ಆಸ್ಟ್ರೇಲಿಯಾದ ಕ್ವೀನ್ಸ್‌ಲ್ಯಾಂಡ್ ವಿಶ್ವವಿದ್ಯಾಲಯದ ಸಂಶೋಧಕರು 2016ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಅನುಭವವಿದ್ದ 10 ಕರುಗಳಿಗೆ ಉರುಳು ಹಾಕಿದರು, ಅಖಾಡ ಕಾಣದ ಇನ್ನು 10 ಕರುಗಳನ್ನು ಕುದುರೆ ಸವಾರನಿಂದ ಬರೀ ಅಟ್ಟಿಸಿದರು. ಎರಡೂ ಗುಂಪುಗಳ ರಕ್ತದಲ್ಲಿ ಕಾರ್ಟಿಸಾಲ್ ಮೊದಲಾದ ಒತ್ತಡದ ಹಾರ್ಮೋನುಗಳು ಏರಿದವು. ಅಭ್ಯಾಸವಾದ ಕರುವಿಗೆ ಏನೂ ಅನ್ನಿಸುವುದಿಲ್ಲ ಎಂಬ ಹಳೆಯ ಸಮರ್ಥನೆ ಇಲ್ಲಿ ನಿಲ್ಲುವುದಿಲ್ಲ. ಅಟ್ಟುವುದೇ ಭಯ ತರುತ್ತದೆ ಎಂಬುದನ್ನೂ ಗಮನಿಸಬೇಕು. ಉರುಳು ತೆಗೆದ ಮಾತ್ರಕ್ಕೆ ಎಲ್ಲ ಸರಿಹೋಗುವುದಿಲ್ಲ.

ಆದರೂ ಉರುಳಿನ ಜಗ್ಗಾಟ ತಪ್ಪಿಸುವ ದಾರಿ ರೋಡಿಯೋದೊಳಗೇ ಇದೆ. ಹೆಂಗಸರು ಆಡುವ ಬ್ರೇಕ್‌ಅವೇ ರೋಪಿಂಗಿನಲ್ಲಿ ಹಗ್ಗವನ್ನು ಜೀನಿಗೆ ಬರೀ ಒಂದು ತೆಳು ದಾರದಿಂದ ಕಟ್ಟಿರುತ್ತಾರೆ. ಕರು ಹಗ್ಗದ ತುದಿ ಮುಟ್ಟಿದೊಡನೆ ದಾರ ತುಂಡಾಗಿ, ಹಗ್ಗ ಕಳಚಿ, ಗಡಿಯಾರ ನಿಲ್ಲುತ್ತದೆ. ಕರುವನ್ನು ಕೆಡವುವುದೂ ಇಲ್ಲ, ಕಾಲು ಕಟ್ಟುವುದೂ ಇಲ್ಲ. ರೋಡ್ ಐಲೆಂಡ್ ರಾಜ್ಯದಲ್ಲಿ ಕರುವಿಗೆ ಉರುಳು ಹಾಕುವುದಾದರೆ ಹೀಗೇ ಹಾಕಬೇಕು ಎಂದು ಕಾನೂನಿದೆ. ಉಳಿದ ಬಹುತೇಕ ಕಡೆ ಒಂದೇ ಅಖಾಡದಲ್ಲಿ, ಒಂದೇ ಸಂಜೆ, ಹೆಂಗಸರ ಸರದಿಯಲ್ಲಿ ದಾರ ತುಂಡಾಗುತ್ತದೆ. ಗಂಡಸರ ಸರದಿ ಬಂದಾಗ ಹಗ್ಗವನ್ನು ಮತ್ತೆ ಜೀನಿಗೆ ಬಿಗಿಯುತ್ತಾರೆ.