ಒಂದು ರಾತ್ರಿಯ ಗೆಲುವು ಏನನ್ನೂ ಹೇಳುವುದಿಲ್ಲ: ಪೋಕರ್ ಅಂಕಿಅಂಶ ಓದುವ ಬಗೆ

ಕೊಡಗಿನ ಕಾಫಿ ತೋಟಗಳಲ್ಲಿ ಬೆಳಗಿನ ಮೊದಲ ಕೆಲಸಗಳಲ್ಲಿ ಮಳೆ ಅಳೆಯುವುದೂ ಒಂದು. ಮಳೆಮಾಪಕದ ನೀರನ್ನು ಅಳತೆಯ ಗಾಜಿಗೆ ಸುರಿದು, ಇಂಚು-ಸೆಂಟುಗಳಲ್ಲಿ ಓದಿ, ಪುಸ್ತಕದಲ್ಲಿ ಬರೆದಿಡುತ್ತಾರೆ. ನೂರು ಸೆಂಟಿಗೆ ಒಂದು ಇಂಚು. ಹೂಮಳೆ ಹದವಾಗಿ ಬಿದ್ದು, ಅದರ ಬೆನ್ನಿಗೆ ಬ್ಯಾಕಿಂಗ್ ಮಳೆಯೂ ಹೊತ್ತಿಗೆ ಸರಿಯಾಗಿ ಬಂದರೆ ರೊಬಸ್ಟಾ ಗಿಡ ಬಾಗುವಷ್ಟು ಕಾಯಿ ಕಚ್ಚುತ್ತದೆ. ಆ ಒಂದು ವರ್ಷದ ಫಸಲು ನೋಡಿ ‘ಇವರೇ ಊರಿಗೆಲ್ಲ ಒಳ್ಳೆಯ ಬೆಳೆಗಾರರು’ ಎಂದು ಯಾರೂ ತೀರ್ಮಾನಿಸುವುದಿಲ್ಲ. ಹತ್ತು ಹದಿನೈದು ವರ್ಷದ ಲೆಕ್ಕ ತೆಗೆದು ನೋಡುತ್ತಾರೆ. ಆದರೆ ಇಸ್ಪೀಟಿನ ಮೇಜಿಗೆ ಕುಳಿತಾಗ ಈ ವಿವೇಕ ಮರೆತುಹೋಗುತ್ತದೆ. ನಿನ್ನೆ ರಾತ್ರಿ ಗೆದ್ದವನು ಇಂದು ನಿಪುಣ, ಸೋತವನು ದಡ್ಡ. ಪೋಕರ್ ಆಟಗಾರನ ಬಗ್ಗೆ ಯಾವ ಸಂಖ್ಯೆ ಕಂಡರೂ ಮೊದಲು ಕೇಳಬೇಕಾದ ಪ್ರಶ್ನೆ ಒಂದೇ: ಇದು ಎಷ್ಟು ಕೈ ಆಡಿದ ಮೇಲೆ ಬಂದ ಸಂಖ್ಯೆ? ಎಲೆ ಹಂಚಿದಲ್ಲಿಂದ ಪಾಟ್, ಅಂದರೆ ಎಲ್ಲರೂ ಹಾಕಿದ ಪಣದ ಒಟ್ಟು ಮೊತ್ತ, ಒಬ್ಬರ ಪಾಲಾಗುವವರೆಗಿನದು ಒಂದು ಕೈ.

ಎಲೆಗಳ ಗಣಿತದಿಂದ ಶುರು ಮಾಡೋಣ, ಏಕೆಂದರೆ ಅಲ್ಲಿ ಅನುಮಾನಕ್ಕೆ ಎಡೆಯೇ ಇಲ್ಲ. 52 ಎಲೆಗಳ ಕಟ್ಟಿನಿಂದ ಐದು ಎಲೆಗಳನ್ನು 25,98,960 ಬಗೆಯಲ್ಲಿ ಆರಿಸಬಹುದು. ಅದರಲ್ಲಿ ರಾಯಲ್ ಫ್ಲಶ್ (ಒಂದೇ ಚಿಹ್ನೆಯ, ಹತ್ತರಿಂದ ಎಕ್ಕದವರೆಗಿನ ಸಾಲು) ಬರೀ 4. ಉಳಿದ ಸ್ಟ್ರೇಟ್ ಫ್ಲಶ್ (ಒಂದೇ ಚಿಹ್ನೆಯ ಐದೆಲೆಯ ಸಾಲು) 36, ಒಂದೇ ಸಂಖ್ಯೆಯ ನಾಲ್ಕು ಎಲೆ 624, ಫುಲ್ ಹೌಸ್ (ಒಂದು ಸಂಖ್ಯೆಯ ಮೂರು, ಇನ್ನೊಂದರ ಎರಡು) 3,744, ಫ್ಲಶ್ (ಐದೂ ಒಂದೇ ಚಿಹ್ನೆ, ಸಾಲಲ್ಲ) 5,108, ಸ್ಟ್ರೇಟ್ (ಚಿಹ್ನೆ ಬೆರೆತ ಐದೆಲೆಯ ಸಾಲು) 10,200. ಅಪರೂಪವಾದದ್ದು ಮೇಲೆ, ಸಾಮಾನ್ಯವಾದದ್ದು ಕೆಳಗೆ ಎಂಬ ನಿಯಮ ಇಲ್ಲಿ ಎಲ್ಲೂ ತಪ್ಪುವುದಿಲ್ಲ. ನಮ್ಮಲ್ಲಿ ಎಲ್ಲರಿಗೂ ಗೊತ್ತಿರುವ ತೀನ್ ಪತ್ತಿಯಲ್ಲಿ ಮಾತ್ರ ಒಂದು ಕಡೆ ತಪ್ಪುತ್ತದೆ. ಮೂರೆಲೆಯ ಒಟ್ಟು ಸಾಧ್ಯತೆ 22,100. ಅದರಲ್ಲಿ ಒಂದೇ ಸಂಖ್ಯೆಯ ಮೂರು ಎಲೆ, ಅಂದರೆ ಟ್ರೇಲ್, 52 ಬಗೆ. ಒಂದೇ ಚಿಹ್ನೆಯ ಸಾಲು, ಅಂದರೆ ಪ್ಯೂರ್ ಸೀಕ್ವೆನ್ಸ್, 48 ಬಗೆ. ಹೆಚ್ಚು ಅಪರೂಪದ್ದು ಪ್ಯೂರ್ ಸೀಕ್ವೆನ್ಸ್, ಆದರೂ ಗೆಲ್ಲುವುದು ಟ್ರೇಲ್. ಮೂರು ಎಕ್ಕಗಳ ಮೇಲೆ ನಮಗಿರುವ ವ್ಯಾಮೋಹ ಲೆಕ್ಕವನ್ನೂ ಮೀರಿ ನಿಂತಿದೆ.

ಈಗ ಜಗತ್ತಿನಲ್ಲಿ ಹೆಚ್ಚು ಚಾಲ್ತಿಯಲ್ಲಿರುವುದು ಟೆಕ್ಸಸ್ ಹೋಲ್ಡೆಮ್. ಪ್ರತಿಯೊಬ್ಬರಿಗೂ ಮುಚ್ಚಿದ ಎರಡು ಎಲೆ. ಮೇಜಿನ ಮೇಲೆ ಎಲ್ಲರಿಗೂ ಸೇರಿದ ಐದು ಎಲೆ: ಮೊದಲು ಒಟ್ಟಿಗೆ ಮೂರು (ಫ್ಲಾಪ್), ಆಮೇಲೆ ಒಂದು (ಟರ್ನ್), ಕೊನೆಗೆ ಇನ್ನೊಂದು (ರಿವರ್). ಕೈಗೆ ಬರುವ ಎರಡೆಲೆಯ ಜೋಡಿ 1,326 ಬಗೆ. ಅದರಲ್ಲಿ ಎಕ್ಕದ ಜೋಡಿ 6, ಅಂದರೆ 221 ಕೈಗೆ ಸರಾಸರಿ ಒಮ್ಮೆ. ಆ ಎಕ್ಕದ ಜೋಡಿಯೂ ರಾಜನ ಜೋಡಿಯ ಎದುರು ಕೊನೆಯವರೆಗೆ ಹೋದರೆ ನೂರಕ್ಕೆ ಸುಮಾರು 18 ಸಲ ಸೋಲುತ್ತದೆ. ಐದಕ್ಕೆ ಒಂದರ ಹತ್ತಿರ ಹತ್ತಿರ. ಅಷ್ಟಕ್ಕೆ ಯಾರ ಮೇಲೂ ಅನುಮಾನ ಪಡಬೇಕಿಲ್ಲ.

ಮೇಜಿನಲ್ಲಿ ನಿಜವಾಗಿ ಬಳಕೆಗೆ ಬರುವ ಲೆಕ್ಕ ಒಂದನ್ನು ಹತ್ತಿರದಿಂದ ನೋಡೋಣ. ಹಣದ ಬದಲು ಕಾಫಿ ಬೀಜ ಇಟ್ಟು ಆಡುತ್ತಿದ್ದೀರಿ. ನಿಮ್ಮ ಕೈಯಲ್ಲಿ ಎರಡು ಆಟೀನ್, ಟರ್ನ್‌ಗೆ ಮುಂಚೆ ಮೇಜಿನ ಮೇಲೂ ಎರಡು ಆಟೀನ್. ಇನ್ನೊಂದು ಬಂದರೆ ಫ್ಲಶ್. ಕಟ್ಟಿನಲ್ಲಿ 13 ಆಟೀನ್, ಕಂಡದ್ದು 4, ಉಳಿದದ್ದು 9. ನೀವು ಕಾಣದ ಎಲೆಗಳು 47. ಮುಂದಿನ ಎಲೆಯಲ್ಲೇ ಬರುವ ಸಾಧ್ಯತೆ 47ಕ್ಕೆ 9, ಅಂದರೆ ಶೇ. 19ರಷ್ಟು. ಎರಡೂ ಎಲೆ ನೋಡುವ ಅವಕಾಶ ಸಿಕ್ಕರೆ ಶೇ. 35. ಬಾಯಿಲೆಕ್ಕಕ್ಕೆ ಸುಲಭ ದಾರಿ ಇದೆ: ಬೇಕಾದ ಎಲೆಗಳ ಸಂಖ್ಯೆಯನ್ನು, ಒಂದು ಎಲೆ ಬಾಕಿಯಿದ್ದರೆ ಎರಡರಿಂದ, ಎರಡು ಬಾಕಿಯಿದ್ದರೆ ನಾಲ್ಕರಿಂದ ಗುಣಿಸಿ. 18 ಮತ್ತು 36 ಬರುತ್ತದೆ. ನಿಜಕ್ಕೆ ಬಹಳ ಹತ್ತಿರ. ಈಗ ಪಾಟ್‌ನಲ್ಲಿ 60 ಬೀಜ, ಎದುರಾಳಿ 20 ಹಾಕಿದರು. ನೀವು 20 ಕೊಟ್ಟರೆ ಒಟ್ಟು 100. ನಿಮ್ಮ ಪಾಲಿನ ಖರ್ಚು ನೂರಕ್ಕೆ 20. ಗೆಲ್ಲುವ ಸಾಧ್ಯತೆ ನೂರಕ್ಕೆ 19. ಬರೀ ಈ ಒಂದು ಎಲೆಯ ಲೆಕ್ಕದಲ್ಲಿ ಕೂದಲೆಳೆಯಷ್ಟು ನಷ್ಟ. ಫ್ಲಶ್ ಆದ ಮೇಲೆ ಎದುರಾಳಿ ಇನ್ನೂ ಒಂದಷ್ಟು ಬೀಜ ಬಿಚ್ಚುವವರಾದರೆ ಲಾಭ. ಹೊಸಬರು ಎಡವುವುದು ಎಣಿಕೆಯಲ್ಲಿ: ಮೇಜಿನ ಮೇಲೆ ಜೋಡಿ ಬಿದ್ದಿದ್ದರೆ ಎದುರಾಳಿಗೆ ಫುಲ್ ಹೌಸ್ ಆಗಬಹುದು, ಆಗ ಆ ಒಂಬತ್ತರಲ್ಲಿ ಎಲ್ಲವೂ ಗೆಲ್ಲಿಸುವ ಎಲೆಗಳಾಗಿರುವುದಿಲ್ಲ.

ಈ ಸಂಖ್ಯೆಗಳೆಲ್ಲ ನಿಜವಾಗಬೇಕಾದರೆ ಎಲೆ ಚೆನ್ನಾಗಿ ಕಲಸಿರಬೇಕು. ನಮ್ಮಲ್ಲಿ ತೊಂದರೆ ಬರುವುದು ಇಲ್ಲೇ. ಜೂನ್ ಹಿಡಿದು ಸೆಪ್ಟೆಂಬರ್‌ವರೆಗೆ ಮನೆಯೊಳಗಿನ ಗೋಡೆಯೇ ಬೆವರುವ ಕಾಲದಲ್ಲಿ ಕಾಗದದ ಎಲೆ ತೇವ ಹೀರಿ ಅಂಚು ಉಬ್ಬುತ್ತದೆ. ಎರಡು ಮೂರು ಅಂಟಿಕೊಂಡೇ ಓಡಾಡುತ್ತವೆ. ಹಿಂದಿನ ಆಟದಲ್ಲಿ ಒಟ್ಟಿಗಿದ್ದ ಎಲೆಗಳು ಮುಂದಿನ ಆಟದಲ್ಲೂ ಒಟ್ಟಿಗೇ ಬರುತ್ತವೆ. ಕಟ್ಟನ್ನು ಎರಡು ಪಾಲು ಮಾಡಿ, ಹೆಬ್ಬೆರಳಿಂದ ಅಂಚು ಬಿಡುತ್ತ ಒಂದರೊಳಗೊಂದು ಸೇರಿಸುವ ರಿಫಲ್ ಕ್ರಮದಲ್ಲಿ 52 ಎಲೆ ಸಾಕಷ್ಟು ಬೆರೆಯಲು ಏಳು ಸಲ ಬೇಕೆಂದು ಡೇವ್ ಬೇಯರ್ ಮತ್ತು ಪರ್ಸಿ ಡಯಕೋನಿಸ್ 1992ರಲ್ಲಿ ಗಣಿತದಿಂದ ತೋರಿಸಿದರು. ಮನೆಗಳಲ್ಲಿ ರೂಢಿಯಲ್ಲಿರುವ, ಅಂಗೈಯಲ್ಲಿ ಕಟ್ಟು ಹಿಡಿದು ಮೇಲಿನಿಂದ ಗುಂಪುಗುಂಪಾಗಿ ಜಾರಿಸುವ ಕ್ರಮ ಇದರ ಹತ್ತಿರಕ್ಕೂ ಬರುವುದಿಲ್ಲ. ಅದರಲ್ಲಿ ಅಷ್ಟೇ ಬೆರೆಯಲು ಸಾವಿರಗಟ್ಟಲೆ ಸಲ ಜಾರಿಸಬೇಕು. ರಿಫಲ್ ಬಾರದವರು ಎಲೆಗಳನ್ನು ಮೇಜಿನ ಮೇಲೆ ಮುಖ ಕೆಳಗಾಗಿ ಹರಡಿ ಎರಡೂ ಕೈಯಿಂದ ಒಂದು ನಿಮಿಷ ಚೆನ್ನಾಗಿ ಕಲಸಿದರೆ ಸಾಕು. ಮಳೆಗಾಲಕ್ಕೆ ಪ್ಲಾಸ್ಟಿಕ್ ಎಲೆಯ ಕಟ್ಟು ಕೊಳ್ಳುವುದು ಉತ್ತಮ. ಅದನ್ನೂ ಆಟದ ನಡುವೆ ಒಣಬಟ್ಟೆಯಲ್ಲಿ ಒರೆಸುತ್ತಿರಬೇಕು.

ಇನ್ನು ಆಟಗಾರನ ಅಂಕಿಅಂಶ. ಹೆಚ್ಚು ಬಳಕೆಯಲ್ಲಿರುವುದು ವಿಪಿಪ್ ಎಂದು ಕರೆಯುವ ಸಂಖ್ಯೆ: ನೂರು ಕೈ ಹಂಚಿದರೆ ಅದರಲ್ಲಿ ಎಷ್ಟರಲ್ಲಿ ಆತ ಫ್ಲಾಪ್‌ಗೆ ಮೊದಲೇ ತಾನಾಗಿ ಪಣ ಹಾಕಿದ. ಕಡ್ಡಾಯವಾಗಿ ಇಡುವ ಬ್ಲೈಂಡ್ ಇದಕ್ಕೆ ಸೇರುವುದಿಲ್ಲ. ಎರಡನೆಯದು ಪಿಎಫ್‌ಆರ್: ಅದೇ ನೂರರಲ್ಲಿ ಎಷ್ಟು ಸಲ ಪಣ ಏರಿಸಿದ. ಆರು ಜನರ ಮೇಜಿನಲ್ಲಿ 24 ಮತ್ತು 19 ಎಂದಿದ್ದರೆ ಆಯ್ದು ಆಡುವ, ಆಡಿದಾಗ ಮುಂದೆ ನುಗ್ಗುವ ಆಟಗಾರ. 45 ಮತ್ತು 8 ಎಂದಿದ್ದರೆ ಸಿಕ್ಕಿದ್ದಕ್ಕೆಲ್ಲ ‘ಕಾಲ್’ ಎನ್ನುವವ, ಅಂದರೆ ಏರಿಸದೆ ಎದುರಾಳಿಯ ಪಣಕ್ಕೆ ಸಮ ಹಾಕುವವ. ಆತನ ಎದುರು ಬ್ಲಫ್ ಮಾಡುವುದು, ಅಂದರೆ ಒಳ್ಳೆಯ ಎಲೆ ಇಲ್ಲದೆಯೂ ಇದ್ದಂತೆ ಪಣ ಹಾಕಿ ಹೆದರಿಸುವುದು, ದಂಡ. ಒಳ್ಳೆಯ ಎಲೆ ಬಂದಾಗ ನಿರ್ಭಯವಾಗಿ ಪಣ ಏರಿಸಬೇಕು.

ವಿಪಿಪ್ ಬೇಗ ನಿಲುಗಡೆಗೆ ಬರುತ್ತದೆ. ಶೇ. 25 ಎಂದು ಕಾಣುವ ಸಂಖ್ಯೆ ನೂರು ಕೈಯಲ್ಲಿ ಸುಮಾರು 9 ಅಂಶ ಆಚೀಚೆ ಇರಬಹುದು, ನಾನೂರು ಕೈಯಲ್ಲಿ 4 ಅಂಶ. ಗೆಲುವಿನ ದರದ ಕತೆ ಬೇರೆ. ಅದನ್ನು ನೂರು ಕೈಗೆ ಎಷ್ಟು ಬಿಗ್ ಬ್ಲೈಂಡ್ (ಕಡ್ಡಾಯ ಪಣಗಳಲ್ಲಿ ದೊಡ್ಡದು) ಎಂದು ಅಳೆಯುತ್ತಾರೆ. ನೂರಕ್ಕೆ 5 ಎಂದರೆ ಬಹಳ ಒಳ್ಳೆಯ ಆಟಗಾರ. ಆದರೆ ಪಣಕ್ಕೆ ಮಿತಿಯಿಲ್ಲದ ಹೋಲ್ಡೆಮ್‌ನಲ್ಲಿ ನೂರು ಕೈಯ ಏರಿಳಿತ, ಸಂಖ್ಯಾಶಾಸ್ತ್ರದ ಮಾತಿನಲ್ಲಿ ಮಾನಕ ವಿಚಲನೆ, 80ರಿಂದ 100 ಬಿಗ್ ಬ್ಲೈಂಡ್‌ನಷ್ಟು ದೊಡ್ಡದು. ನಡುವಿನ 90 ಹಿಡಿಯೋಣ. ಕೈಯಿಂದ ಎಲೆ ಹಂಚುವ ಮೇಜಿನಲ್ಲಿ ಗಂಟೆಗೆ ಸುಮಾರು 30 ಕೈ ಆಗುತ್ತದೆ. ಶನಿವಾರ ಸಂಜೆ ಆರು ಗಂಟೆ ಕುಳಿತರೆ 180 ಕೈ. ಆ ಸಂಜೆ ಆತನ ನೈಪುಣ್ಯ ತರುವ ಗಳಿಕೆ 9 ಬಿಗ್ ಬ್ಲೈಂಡ್. ಅದೃಷ್ಟದ ಏರಿಳಿತ 120. ಬಿಗ್ ಬ್ಲೈಂಡ್‌ಗೆ ಎರಡು ಕಾಫಿ ಬೀಜ ಎಂದರೆ, 18 ಬೀಜದ ನೈಪುಣ್ಯ 240 ಬೀಜದ ಅದೃಷ್ಟದೊಳಗೆ ಮುಚ್ಚಿಹೋಗಿದೆ. ಒಂದು ರಾತ್ರಿಯ ಫಲಿತಾಂಶ ನೋಡಿ ಆಟಗಾರನನ್ನು ಅಳೆಯುವುದು ಆಷಾಢದ ಒಂದು ದಿನದ ಮಳೆ ನೋಡಿ ವರ್ಷದ ಮಳೆ ಹೇಳಿದಂತೆ.

ಏರಿಳಿತ ಕೈಗಳ ಸಂಖ್ಯೆಯ ವರ್ಗಮೂಲದಂತೆ ಬೆಳೆಯುತ್ತದೆ, ಗಳಿಕೆ ನೇರವಾಗಿ ಬೆಳೆಯುತ್ತದೆ. ಹಾಗಾಗಿ ಕೊನೆಗೆ ನೈಪುಣ್ಯ ಮೇಲೆ ಬಂದೇ ಬರುತ್ತದೆ, ಆದರೆ ನಿಧಾನವಾಗಿ. 10,000 ಕೈಗೆ ನಿರೀಕ್ಷೆಯ ಗಳಿಕೆ 500, ಏರಿಳಿತ 900. ಇಷ್ಟು ಒಳ್ಳೆಯ ಆಟಗಾರನೂ ಅಷ್ಟು ಆಡಿದ ಮೇಲೆ ನಷ್ಟದಲ್ಲಿರುವ ಸಾಧ್ಯತೆ ಶೇ. 29. ಒಂದು ಲಕ್ಷ ಕೈಗೆ ಗಳಿಕೆ 5,000, ಏರಿಳಿತ ಸುಮಾರು 2,850. ನಷ್ಟದ ಸಾಧ್ಯತೆ ಶೇ. 4ಕ್ಕೆ ಇಳಿಯುತ್ತದೆ. ವಾರಕ್ಕೆ 180 ಕೈಯಂತೆ ಒಂದು ಲಕ್ಷ ಮುಟ್ಟಲು ಹತ್ತು ವರ್ಷದ ಮೇಲಾಗುತ್ತದೆ. ಹೊಸದಾಗಿ ನೆಟ್ಟ ಕಾಫಿ ತೋಟ ಅದಕ್ಕಿಂತ ಬೇಗ ಪೂರ್ಣ ಫಸಲಿಗೆ ಬರುತ್ತದೆ.

ಟೂರ್ನಿಗಳಲ್ಲಿ ಇದು ಇನ್ನೂ ಕಠಿಣ. ಸಾವಿರ ಜನರ ಟೂರ್ನಿಯಲ್ಲಿ ಸಾಧಾರಣ ಆಟಗಾರನ ಗೆಲ್ಲುವ ಸಾಧ್ಯತೆ ಸಾವಿರಕ್ಕೆ ಒಂದು. ಅವನಿಗಿಂತ ಎರಡು ಪಟ್ಟು ಉತ್ತಮನಾದವನಿಗೆ ಐನೂರಕ್ಕೆ ಒಂದು. ವರ್ಷಕ್ಕೆ ನೂರು ಟೂರ್ನಿಯಂತೆ ಐದು ವರ್ಷ ಆಡಿದರೂ ಒಂದನ್ನೂ ಗೆಲ್ಲದಿರುವ ಸಾಧ್ಯತೆ ಅವನಿಗೆ ಶೇ. 37 ಇದೆ.

ಹಾಗಾಗಿ ಚಾಂಪಿಯನ್‌ಗಳ ಪಟ್ಟಿ ಓದುವಾಗ ಆ ವರ್ಷ ಎಷ್ಟು ಜನ ಆಡಿದರು ಎಂಬುದನ್ನೂ ಪಕ್ಕದಲ್ಲಿಟ್ಟುಕೊಳ್ಳಬೇಕು. ಲಾಸ್ ವೇಗಸ್‌ನಲ್ಲಿ ಬಿನಿಯನ್ಸ್ ಹಾರ್ಸ್‌ಶೂ ಕ್ಯಾಸಿನೊ 1970ರಲ್ಲಿ ವರ್ಲ್ಡ್ ಸೀರೀಸ್ ಆಫ್ ಪೋಕರ್ ಆರಂಭಿಸಿದಾಗ ಮೊದಲ ಚಾಂಪಿಯನ್ ಜಾನಿ ಮಾಸ್ ಆಯ್ಕೆಯಾದದ್ದು ಸಹ ಆಟಗಾರರ ಮತದಿಂದ. ಸ್ಟೂ ಅಂಗರ್ 1980ರಲ್ಲಿ ಗೆದ್ದಾಗ ಮುಖ್ಯ ಸ್ಪರ್ಧೆಯಲ್ಲಿ 73 ಜನ; ಮರುವರ್ಷ ಮತ್ತೆ ಗೆದ್ದಾಗ 75. ಜಾನಿ ಚಾನ್ 1987 ಮತ್ತು 1988ರಲ್ಲಿ ಗೆದ್ದಾಗಲೂ ಇನ್ನೂರರೊಳಗೆ. 2003ರಲ್ಲಿ ಇಂಟರ್‌ನೆಟ್ ಮೂಲಕ 86 ಡಾಲರಿನ ಅರ್ಹತಾ ಸುತ್ತಿನಿಂದ ಬಂದ ಲೆಕ್ಕಿಗ ಕ್ರಿಸ್ ಮನಿಮೇಕರ್ 839 ಜನರ ನಡುವೆ ಗೆದ್ದು 25 ಲಕ್ಷ ಡಾಲರ್ ಪಡೆದರು. ಅಲ್ಲಿಂದ ಸಂಖ್ಯೆ ಉಕ್ಕಿತು: 2004ರಲ್ಲಿ 2,576, 2006ರಲ್ಲಿ 8,773, 2024ರಲ್ಲಿ 10,112. ಸತತ ಎರಡು ವರ್ಷ ಗೆಲ್ಲುವವರು ಈಗ ಕಾಣದಿದ್ದರೆ ಆಟಗಾರರ ಮಟ್ಟ ಇಳಿದಿದೆ ಎಂದಲ್ಲ.

ಒಟ್ಟು ಬಹುಮಾನದ ಪಟ್ಟಿಗಳಂತೂ ಇನ್ನೂ ಎಚ್ಚರ ಬೇಡುತ್ತವೆ. ಅವು ಗೆದ್ದ ಮೊತ್ತ ತೋರಿಸುತ್ತವೆ, ಕಟ್ಟಿದ ಪ್ರವೇಶಧನ ಕಳೆಯುವುದಿಲ್ಲ. ಗೊಬ್ಬರ, ಕೂಲಿ ಕಳೆಯದೆ ಕಾಫಿ ಮಾರಿದ ಹಣವನ್ನೇ ಲಾಭ ಎಂದಂತೆ. 2019ರ ಲಂಡನ್ ಟ್ರೈಟನ್ ಮಿಲಿಯನ್ ಟೂರ್ನಿಗೆ ಪ್ರವೇಶವೇ 10 ಲಕ್ಷ ಪೌಂಡ್, ದಾನಕ್ಕೆಂದು ಮತ್ತೆ 50 ಸಾವಿರ. ಕೊನೆಯ ಇಬ್ಬರು ಹಂಚಿಕೆಯ ಒಪ್ಪಂದ ಮಾಡಿಕೊಂಡದ್ದರಿಂದ ಎರಡನೆಯ ಸ್ಥಾನದ ಬ್ರಿನ್ ಕೆನ್ನಿಗೆ ಸುಮಾರು 1.69 ಕೋಟಿ ಪೌಂಡ್ ಸಿಕ್ಕರೆ, ಗೆದ್ದ ಆರನ್ ಜಾಂಗ್‌ಗೆ ಸಿಕ್ಕಿದ್ದು ಸುಮಾರು 1.38 ಕೋಟಿ.

ಹಾಗಾದರೆ ನೈಪುಣ್ಯ ಎಂಬುದು ಇದೆಯೇ? ಇದೆ, ಅದನ್ನು ಅಳೆದವರೂ ಇದ್ದಾರೆ. ಶಿಕಾಗೊ ವಿಶ್ವವಿದ್ಯಾಲಯದ ಸ್ಟೀವನ್ ಲೆವಿಟ್ ಮತ್ತು ಥಾಮಸ್ ಮೈಲ್ಸ್ 2010ರ ವರ್ಲ್ಡ್ ಸೀರೀಸ್ ಪರಿಶೀಲಿಸಿದರು. ಹಿಂದಿನ ಸಾಧನೆಯ ಮೇಲೆ ನಿಪುಣರೆಂದು ಮೊದಲೇ ಗುರುತಿಸಬಹುದಾದ 720 ಜನರನ್ನು ಬೇರ್ಪಡಿಸಿದರು. ಆ ವರ್ಷ ಅವರಿಗೆ ಹೂಡಿದ ಹಣದ ಮೇಲೆ ಸರಾಸರಿ ಶೇ. 30ಕ್ಕೂ ಹೆಚ್ಚು ಲಾಭ, ಉಳಿದವರಿಗೆ ಶೇ. 15ರಷ್ಟು ನಷ್ಟ. ಇಲ್ಲಿ ಮೆಚ್ಚಬೇಕಾದ್ದು ವಿಧಾನ. ಗೆದ್ದವರನ್ನು ಆಮೇಲೆ ಆರಿಸಿ ‘ನೋಡಿ, ನಿಪುಣರು’ ಎನ್ನಲಿಲ್ಲ; ಮೊದಲು ಆರಿಸಿ ಆಮೇಲೆ ನೋಡಿದರು.

ಕ್ಯಾಸಿನೊದ ಯಂತ್ರ-ಚಕ್ರಗಳಿಗೆ ಈ ಮಾತು ಅನ್ವಯಿಸುವುದಿಲ್ಲ. ಯುರೋಪಿನ ರೂಲೆಟ್ ಚಕ್ರದಲ್ಲಿ 37 ಮನೆ, ಹಣ ಕೊಡುವುದು 36ರ ಲೆಕ್ಕದಲ್ಲಿ. ನೂರು ರೂಪಾಯಿಗೆ 2.70 ರೂಪಾಯಿ ಕ್ಯಾಸಿನೊ ಪಾಲು. ಅಮೆರಿಕದ 38 ಮನೆಯ ಚಕ್ರದಲ್ಲಿ 5.26. ಪೋಕರ್‌ನಲ್ಲಿ ಆಟಗಾರರು ಪರಸ್ಪರ ಆಡುತ್ತಾರೆ, ಆಟ ನಡೆಸುವವರು ಪಾಟ್‌ನಿಂದ ರೇಕ್ ಎಂಬ ಕಡಿತ ತೆಗೆಯುತ್ತಾರೆ. ಕೈಗೆ ನೂರು ರೂಪಾಯಿ ಕಡಿತವಾದರೂ ಗಂಟೆಗೆ 30 ಕೈಗೆ 3,000 ರೂಪಾಯಿ ಮೇಜಿನಿಂದ ಹೊರಹೋಯಿತು. ಒಂಬತ್ತು ಜನರಲ್ಲಿ ತಲೆಗೆ 333. ಒಳ್ಳೆಯ ಆಟಗಾರರೂ ಸೋಲಲು ಇದೂ ಒಂದು ಕಾರಣ. ಕರ್ನಾಟಕದಲ್ಲಿ ಕ್ಯಾಸಿನೊ ಇಲ್ಲ. ಆನ್‌ಲೈನ್‌ನಲ್ಲಿ ಹಣವಿಟ್ಟು ಆಡಿಸುವುದನ್ನು, ನೈಪುಣ್ಯದ ಆಟವೇ ಆಗಿರಲಿ, 2025ರ ಆಗಸ್ಟ್‌ನಲ್ಲಿ ಬಂದ ಕೇಂದ್ರದ ಕಾಯ್ದೆ ನಿಷೇಧಿಸಿದೆ. ಕಾಫಿ ಬೀಜದ ಆಟಕ್ಕೆ ಯಾವ ಅಡ್ಡಿಯೂ ಇಲ್ಲ, ಗಣಿತವೂ ಅದೇ.

ಅದೃಷ್ಟವನ್ನು ಬೇಗ ಸೋಸಿ ತೆಗೆಯುವ ಉಪಾಯವೊಂದಿದೆ. 2017ರ ಜನವರಿಯಲ್ಲಿ ಪಿಟ್ಸ್‌ಬರ್ಗ್‌ನಲ್ಲಿ ಕಾರ್ನೆಗಿ ಮೆಲನ್ ವಿಶ್ವವಿದ್ಯಾಲಯದ ಟುವೊಮಾಸ್ ಸ್ಯಾಂಡ್‌ಹೋಮ್ ಮತ್ತು ನೋಮ್ ಬ್ರೌನ್ ರೂಪಿಸಿದ ಲಿಬ್ರಾಟಸ್ ಎಂಬ ಪ್ರೋಗ್ರಾಂ, ನಾಲ್ವರು ವೃತ್ತಿಪರರ ಎದುರು 20 ದಿನ, 1,20,000 ಕೈ ಆಡಿ ನೂರು ಕೈಗೆ 14.7 ಬಿಗ್ ಬ್ಲೈಂಡ್‌ನಂತೆ ಗೆದ್ದಿತು. ಅಲ್ಲಿ ಒಬ್ಬ ಆಟಗಾರನಿಗೆ ಬಂದ ಎಲೆಗಳೇ ಇನ್ನೊಂದು ಕೋಣೆಯಲ್ಲಿ ಪ್ರೋಗ್ರಾಂಗೆ ಬರುವಂತೆ ಅದಲುಬದಲು ಮಾಡಿದ್ದರು. ಒಳ್ಳೆಯ ಎಲೆ ಎರಡೂ ಕಡೆಗೆ ಸಮನಾಗಿ ಸಂದಿತು.

ಮಳೆಗೆ ಕರೆಂಟ್ ಹೋದ ಸಂಜೆ ಮನೆಯಲ್ಲೂ ಇದನ್ನು ಮಾಡಬಹುದು. ನಾಲ್ಕು ಜನ, ಇಬ್ಬಿಬ್ಬರ ಎರಡು ಜೋಡಿ, ಎರಡು ಕಟ್ಟು ಎಲೆ, ಎರಡು ಕೋಣೆ, ಎಲೆ ಹಂಚಲು ಆಡದ ಒಬ್ಬರು. ಒಂದು ಕಟ್ಟನ್ನು ಚೆನ್ನಾಗಿ ಕಲಸಿ ಮೇಲಿನ ಒಂಬತ್ತು ಎಲೆ ತೆಗೆಯಬೇಕು: ಮೊದಲ ಕುರ್ಚಿಗೆ ಎರಡು, ಎರಡನೆಯದಕ್ಕೆ ಎರಡು, ಮೇಜಿಗೆ ಐದು. ಎರಡನೆಯ ಕಟ್ಟಿನಿಂದ ಅವೇ ಒಂಬತ್ತನ್ನು ಅದೇ ಕ್ರಮದಲ್ಲಿ ಹುಡುಕಿ ಇನ್ನೊಂದು ಕೋಣೆಗೆ ಒಯ್ಯಬೇಕು. ಒಂದು ಕೋಣೆಯಲ್ಲಿ ಮೊದಲ ಕುರ್ಚಿಗೆ ಒಂದನೆಯ ಜೋಡಿಯವರು, ಇನ್ನೊಂದರಲ್ಲಿ ಎರಡನೆಯ ಜೋಡಿಯವರು. ಪ್ರತಿ ಕೈಯೂ ಇಬ್ಬರ ಬಳಿಯೂ ಇನ್ನೂರು ಬೀಜದಿಂದಲೇ ಶುರು. ಕೈ ಮುಗಿದ ಮೇಲೆ ಎರಡೂ ಕೋಣೆಯ ಲೆಕ್ಕ ಕೂಡಿಸಿ, ಒಂದೇ ಸಾಲಿನಲ್ಲಿ ತಾರೀಖು, ಕೈಯ ಸಂಖ್ಯೆ, ಜೋಡಿಯ ನಿವ್ವಳ ಬೀಜ ಬರೆಯಿರಿ. ಎರಡು ಕೋಣೆಯ ನಡುವೆ ಬಾಗಿಲು ಮುಚ್ಚಿರಬೇಕು. ಆ ಕಡೆಯ ಉದ್ಗಾರ ಈ ಕಡೆ ಕೇಳಿದರೆ ಆ ಕೈಯನ್ನು ಪುಸ್ತಕದಿಂದ ಹೊಡೆದುಹಾಕಿ, ಒಂಬತ್ತು ಹೊಸ ಎಲೆ ತೆಗೆಯಿರಿ.