"ಇಷ್ಟೇನಾ ಇಳಿಜಾರು?"

ಬೆಟ್ಟದಲ್ಲಿ ಸೈಕಲ್ ಓಡಿಸುವ ಹೆಣ್ಣುಮಕ್ಕಳ ಬಗ್ಗೆ ಸಾಕ್ಷ್ಯಚಿತ್ರ ತೆಗೆಯುವುದು ನನ್ನ ಕೆಲಸ. ಎಡಿಟಿಂಗ್ ರೂಮಿಗೆ ಬಂದ ಪ್ರಾಯೋಜಕರು ತಪ್ಪದೆ ಕೇಳುವ ಪ್ರಶ್ನೆ ಇದು: "ಇಷ್ಟೇನಾ ಇಳಿಜಾರು?" ಪಾಪ, ಅವರನ್ನು ಬೈಯಲಾರೆ, ತೆರೆಯ ಮೇಲೆ ಕಡಿದಾದ ಇಳಿಜಾರೂ ಚಪ್ಪಟೆಯಾಗಿ ಕಾಣುತ್ತದೆ. ಹೆಲ್ಮೆಟ್ ಮೇಲೆ ಕ್ಯಾಮೆರಾ ಸಿಕ್ಕಿಸಿ "ಎಲ್ಲ ರೆಕಾರ್ಡ್ ಆಗಿದೆ" ಎಂದು ನೆಮ್ಮದಿಯಿಂದ ಕೂರುವವರನ್ನು ಕಂಡರೆ ಮಾತ್ರ ನನಗೆ ತಲೆ ಕೆಡುತ್ತದೆ.

ಬಿಡಿಸಿ ಹೇಳುತ್ತೇನೆ. ಆ ಕ್ಯಾಮೆರಾಗಳಲ್ಲಿ ಇರುವುದು ವೈಡ್ ಲೆನ್ಸ್. ಮುಂದಿನ ಚಕ್ರವನ್ನು ದೊಡ್ಡದು ಮಾಡುತ್ತದೆ, ಕೆಳಗಿನ ಬಂಡೆಯನ್ನು ಗೋಲಿಯಷ್ಟು ಮಾಡುತ್ತದೆ. ಇನ್ನೂ ದೊಡ್ಡ ತೊಂದರೆ ಬೇರೆ. ರೈಡರ್ ಇಳಿಜಾರಿನ ಕಡೆ ನೋಡಿದಾಗ ಕ್ಯಾಮೆರಾನೂ ಅತ್ತಲೇ ಬಾಗುತ್ತದೆ. ದಿಗಂತ ಫ್ರೇಮಿನಿಂದ ಆಚೆ ಹೋಗುತ್ತದೆ. ಆಮೇಲೆ ಯಾವುದು ನೆಟ್ಟಗೆ, ಯಾವುದು ಓರೆ ಅಂತ ಹೇಳುವವರು ಯಾರು? ಸ್ಥಳದಲ್ಲಿ ಇದ್ದವರಿಗೆ ದೇಹದ ಸಮತೋಲ ನೋಡಿಕೊಳ್ಳುವ ಒಳಕಿವಿ ಹೇಳುತ್ತದೆ. ನೋಡುವವರ ಒಳಕಿವಿ ಕುರ್ಚಿಯಲ್ಲಿ ಆರಾಮವಾಗಿ ಕೂತಿರುತ್ತದೆ, ಅಲ್ವಾ? "ಹಾರಿಜಾನ್ ಲಾಕ್ ಹಾಕಿದ್ದೆವಲ್ಲ" ಎನ್ನುತ್ತಾರೆ. ಅದು ಕ್ಯಾಮೆರಾದಲ್ಲೇ ಇರುವ ಸೌಲಭ್ಯ, ಎಡಬಲದ ವಾಲಾಟ ಸರಿಮಾಡುತ್ತದೆ. ಮುಂದಕ್ಕೆ ಬಾಗಿದ್ದಕ್ಕೆ ಅದರಲ್ಲಿ ಮದ್ದಿಲ್ಲ.

ಅದಕ್ಕೇ ನಾನು ಸೈಕಲ್ ಇಳಿಯುವ ದಾರಿ ಬಿಟ್ಟು ಪಕ್ಕಕ್ಕೆ ಹೋಗುತ್ತೇನೆ. ಟ್ರೈಪಾಡ್ ಮಟ್ಟ ಮಾಡಿ, ಫ್ರೇಮಿನಲ್ಲಿ ಒಂದು ನೆಟ್ಟನೆಯ ಮರ ಇರುವಂತೆ ನೋಡಿಕೊಳ್ಳುತ್ತೇನೆ. ಗಾರೆಯವರಿಗೆ ತೂಗುಗುಂಡು ಇದ್ದಂತೆ ನನಗೆ ಆ ಮರ. ಎಲ್ಲ ಮರವೂ ಆಗುವುದಿಲ್ಲ. ಮಣ್ಣು ಜಾರುವ ಕಡೆ ಬುಡ ಬಾಗಿರುತ್ತದೆ, ನೋಡಿ ಆರಿಸಬೇಕು. ಮರವೇ ಇಲ್ಲದ ಕಡೆ ನಿಂತ ಮನುಷ್ಯನೂ ಸಾಕು.

ಇಷ್ಟು ಹಟ ಯಾಕೆ ಅಂದರೆ, ಗಂಡಸರ ಓಟ ಚಪ್ಪಟೆಯಾಗಿ ಕಂಡರೆ ಜನ ಕ್ಯಾಮೆರಾ ಸರಿಯಿಲ್ಲ ಎನ್ನುತ್ತಾರೆ. ಹೆಂಗಸರದ್ದು ಹಾಗೆ ಕಂಡರೆ ದಾರಿ ಸುಲಭವಿತ್ತು ಎನ್ನುತ್ತಾರೆ. ನನ್ನ ಅನುಭವದಲ್ಲಂತೂ ಹೀಗೇ. ಅಮೆರಿಕದ ಯೂಟಾದಲ್ಲಿ ಬೆಟ್ಟದ ಸೈಕಲ್ ಸ್ಪರ್ಧೆಯಾದ ರೆಡ್ ಬುಲ್ ರ‍್ಯಾಂಪೇಜ್ ಶುರುವಾಗಿದ್ದು 2001ರಲ್ಲಿ. ಅಲ್ಲಿನ ಕಡಿದಾದ ಕೆಂಪು ಬೆಟ್ಟದಲ್ಲಿ ಮಹಿಳೆಯರಿಗೆ ಪ್ರತ್ಯೇಕ ಸ್ಪರ್ಧೆ ಮೊದಲ ಸಲ ನಡೆದಿದ್ದು 2024ರಲ್ಲಿ. ನ್ಯೂಜಿಲೆಂಡಿನ ರಾಬಿನ್ ಗೂಮ್ಸ್ ಗೆದ್ದರು. 23 ವರ್ಷ ಕಾದು ಸಿಕ್ಕಿದ ಬೆಟ್ಟವನ್ನು ಲೆನ್ಸ್ ಹಾಕಿ ಸಮತಟ್ಟು ಮಾಡುವುದು ಯಾವ ನ್ಯಾಯ?

ಒಮ್ಮೆ ಒಬ್ಬ ಹುಡುಗಿ ಸಲೀಸಾಗಿ ಇಳಿದ ಜಾಗದಲ್ಲಿ ನಾನು ಟ್ರೈಪಾಡ್ ಅಪ್ಪಿಕೊಂಡು ಕುಂಡೆಯ ಮೇಲೆ ಜಾರುತ್ತಾ ಇಳಿದಿದ್ದೆ. ಸಂಜೆ ಅವಳ ಹೆಲ್ಮೆಟ್ ಕ್ಯಾಮೆರಾದ ದೃಶ್ಯ ಅವಳಿಗೆ ತೋರಿಸಿದೆ. "ಇದು ಆ ಜಾಗ ಅಲ್ಲವೇ ಅಲ್ಲ ಸರ್" ಎಂದಳು. ಆಮೇಲೆ ಪಕ್ಕದಿಂದ ತೆಗೆದದ್ದು ಹಾಕಿದೆ. ಎರಡು ಸಲ ನೋಡಿದಳು. ಸ್ವಲ್ಪ ಹೊತ್ತು ಬಿಟ್ಟು ಹೇಳಿದಳು: "ಸಿನಿಮಾದಲ್ಲಿ ಇದನ್ನೇ ಹಾಕಿ. ಅಮ್ಮನಿಗೆ ಮಾತ್ರ ಮೊದಲನೆಯದು ಕಳಿಸಿ."